ನೆರೆಮನೆಯ ಬಾಗಿಲು ತೋರಿಸಿದವರು

ಪುಣೆಯಲ್ಲಿ ಹುಟ್ಟಿ ಬೆಳೆದ ನಮ್ಮ ಕನ್ನಡ ಮಕ್ಕಳಿಗೆ ಸ್ವಾರಗೇಟ ಎಂದರೆ ಅಜ್ಜಿಯ ಊರಿನ ಬಸ್ಸು ಸಿಗುವ ಜಾಗ. ದೀಪಾವಳಿ ಬಂತೆಂದರೆ, ಬೇಸಿಗೆಯ ರಜೆ ಬಿಟ್ಟಿತೆಂದರೆ, ಕೈಚೀಲ, ನೀರಿನ ಬಾಟಲಿ, ಬುತ್ತಿಯ ಗಂಟುಗಳೊಡನೆ ಇಲ್ಲಿ ಕಾದು ನಿಂತು ಬೆಳಗಾವಿಗೋ ಹುಬ್ಬಳ್ಳಿಗೋ ವಿಜಯಪುರಕ್ಕೋ ಹೊರಟ ನೆನಪು ನಿಮ್ಮಲ್ಲಿ ಬಹಳ ಜನರಿಗೆ ಇದ್ದೀತು. ಕನ್ನಡ ಓದಲು ಬಾರದ ಹುಡುಗರು ಕೂಡ ಬಸ್ಸಿನ ಹಣೆಯ ಮೇಲಿನ ದುಂಡು ಅಕ್ಷರಗಳನ್ನು ದೂರದಿಂದಲೇ ಕಂಡು "ನಮ್ಮ ಗಾಡಿ ಬಂತು" ಎಂದು ಕೂಗುವುದನ್ನು ಕೇಳಿದ್ದೇನೆ.

ಬಸ್ಸಿಗೆ ಇನ್ನೂ ಎರಡು ತಾಸು ಇದೆ ಎಂದಾದಾಗ ಚಹಾ ಕುಡಿದು ಅಲ್ಲೇ ಕುಳಿತುಬಿಡುತ್ತೇವೆಯೇ ಹೊರತು ಸುತ್ತಮುತ್ತ ನಡೆದು ನೋಡುವುದಿಲ್ಲ. ಯುವ ಮಿತ್ರರೆ, ಈ ಲೇಖನ ಅಂಥ ಎರಡು ತಾಸಿಗಾಗಿ. ನಡೆಯುವ ದಾರಿ ಚಿಕ್ಕದು. ಆದರೆ ಅದು ತಲುಪುವ ಜಾಗದಲ್ಲಿ ನಡೆದುಹೋದ ಸಂಗತಿ ಅಷ್ಟು ಸುಲಭವಾಗಿ ಮನಸ್ಸಿನಿಂದ ಹೋಗುವಂಥದಲ್ಲ.

ಮೊದಲು ಹೆಸರಿನ ಮಾತು. ಇಲ್ಲಿ ಹಿಂದೆ ಊರಿನ ದಕ್ಷಿಣದ ನಾಕಾ ಇತ್ತು, ಕುದುರೆ ಸವಾರರು ಕಾವಲಿರುತ್ತಿದ್ದರು, ಸವಾರರ ಗೇಟು ಹೋಗಿ ಸ್ವಾರಗೇಟ ಆಯಿತು ಎಂದು ಹಳಬರು ಹೇಳುತ್ತಾರೆ. ಇಂದು ಅದು ಊರಿನ ನಡುವೆಯೇ ಇದೆ. ಕೇಶವರಾವ್ ಜೇಧೆಯವರ ಹೆಸರಿನ ಚೌಕ, ಅದರ ಮೇಲೆ ಸೇತುವೆ, ಪಕ್ಕದಲ್ಲಿ ಎಸ್.ಟಿ. ನಿಲ್ದಾಣ, ನೆಲದಡಿಯಲ್ಲಿ 2024ರ ಸೆಪ್ಟೆಂಬರ್ 29ರಂದು ಉದ್ಘಾಟನೆಯಾದ ಮೆಟ್ರೊ. ತಲೆ ಎತ್ತಿದರೆ ಪರ್ವತಿ ಗುಡ್ಡ. ಇಲ್ಲಿಂದ ವಾಯವ್ಯಕ್ಕೆ ಟಿಳಕ ರಸ್ತೆ ಹಿಡಿದು ಹೋದರೆ ಎಡಬಲಕ್ಕೆ ಅಂಗಡಿಗಳು, ಕಾಲೇಜು. ಬಲಕ್ಕೆ ತಿರುಗಿ ಒಳಗೆ ಹೊಕ್ಕರೆ ಸದಾಶಿವ ಪೇಠ. ಪೇಶ್ವೆಯರ ಕಾಲದ ಆ ಪೇಠೆಯಲ್ಲಿ ಹಳೆಯ ವಾಡೆಗಳು ಒಂದೊಂದಾಗಿ ಬಿದ್ದು ಅಪಾರ್ಟ್‌ಮೆಂಟುಗಳು ಎದ್ದಿವೆ. ಆದರೂ ಓಣಿಗಳು ಹಳೆಯವೇ. ಒಂದು ಮನೆಯ ಒಗ್ಗರಣೆಯ ಘಾಟು ಮೂರನೆಯ ಮನೆಯವರಿಗೆ ಕೆಮ್ಮು ತರಿಸುವಷ್ಟು ಕಿರಿದು.

ಈ ಓಣಿಗಳಿಗೆ 1897ರಲ್ಲಿ ಸೈನ್ಯ ಬಂತು. ಯುದ್ಧವೇನೂ ಇರಲಿಲ್ಲ. ಬಂದದ್ದು ಪ್ಲೇಗು.

1896ರಲ್ಲಿ ಮುಂಬಯಿಗೆ ಬಂದಿಳಿದ ಆ ಮಾರಿ ಕೆಲವೇ ತಿಂಗಳಲ್ಲಿ ಪುಣೆಯನ್ನು ಹಿಡಿಯಿತು. 1897ರ ಫೆಬ್ರವರಿಯಲ್ಲಿ ಸರಕಾರ ಸಾಂಕ್ರಾಮಿಕ ರೋಗಗಳ ಕಾಯಿದೆ ತಂದಿತು. ಸಾತಾರೆಯಲ್ಲಿ ಅಸಿಸ್ಟೆಂಟ್ ಕಲೆಕ್ಟರ್ ಆಗಿದ್ದ ವಾಲ್ಟರ್ ಚಾರ್ಲ್ಸ್ ರ‍್ಯಾಂಡ್ ಎಂಬ ಅಧಿಕಾರಿಯನ್ನು ಕರೆಸಿ ಪುಣೆಯ ಪ್ಲೇಗು ಸಮಿತಿಯ ಮುಖ್ಯಸ್ಥನನ್ನಾಗಿ ಮಾಡಿತು. ಅವನ ಕೈಕೆಳಗೆ ಗೋರಾ ಮತ್ತು ದೇಶೀ ಸಿಪಾಯಿಗಳು, ಅಧಿಕಾರಿಗಳು ಸೇರಿ 893 ಜನ. ಮಾರ್ಚ್ 13ರಂದು ಮನೆ ಮನೆಯ ಶೋಧ ಆರಂಭವಾಯಿತು. ಮೇ 19ರವರೆಗೆ ನಡೆಯಿತು. ಬೂಟುಗಾಲಿನ ಸಿಪಾಯಿಗಳು ಅಡಿಗೆಮನೆ, ದೇವರಮನೆಗಳಿಗೆ ನುಗ್ಗಿದರು. ರೋಗದ ಗುರುತಿದೆಯೋ ಎಂದು ಗಂಡಸರನ್ನೂ ಹೆಂಗಸರನ್ನೂ ಹೊರಗೆ ನಿಲ್ಲಿಸಿ ಪರೀಕ್ಷಿಸಿದರು. ರೋಗಿಯನ್ನು ಆಸ್ಪತ್ರೆಗೆ, ಮನೆಯವರನ್ನು ಊರ ಹೊರಗಿನ ಕ್ಯಾಂಪಿಗೆ ಒಯ್ದರು. ನೆಲ ಅಗೆದರು, ಸುಣ್ಣ ಬಳಿದರು, ಹಾಸಿಗೆ ಬಟ್ಟೆಗಳನ್ನು ಸುಟ್ಟರು. ಸಿಪಾಯಿಗಳು ಅತಿರೇಕ ಮಾಡಿದರೆಂದು ಊರು ದೂರಿತು. ಸಮಿತಿ ಅದನ್ನು ಒಪ್ಪಲಿಲ್ಲ.

ಇಲ್ಲಿ ಒಂದು ಮಾತನ್ನು ನ್ಯಾಯವಾಗಿ ಹೇಳಬೇಕು. ಪ್ಲೇಗು ಸುಳ್ಳಲ್ಲ. ಜನ ನಿಜವಾಗಿಯೂ ಸಾಯುತ್ತಿದ್ದರು. ರೋಗಿಯನ್ನು ಬೇರೆ ಇರಿಸದಿದ್ದರೆ ರೋಗ ಹರಡುತ್ತದೆ ಎಂಬುದೂ ಸುಳ್ಳಲ್ಲ. ಆದರೆ ಗುಣಪಡಿಸಲು ಬಂದವನ ಕೈಯಲ್ಲಿ ಬಂದೂಕು ಇದ್ದಾಗ, ಅವನ ಭಾಷೆ ನಮಗೆ, ನಮ್ಮ ಭಾಷೆ ಅವನಿಗೆ ತಿಳಿಯದಿದ್ದಾಗ, ಜನ ರೋಗಕ್ಕಿಂತ ಅವನಿಗೇ ಹೆಚ್ಚು ಹೆದರಿದರು.

ಆಗ ಹೊರಟ ಆಜ್ಞೆಗಳಲ್ಲಿ ಒಂದು ಹೀಗಿತ್ತು: ಮನೆಯಲ್ಲಿ ಸಾವಾದರೆ, ಪ್ಲೇಗಿನ ಸಂಶಯವಿರುವ ಕಾಯಿಲೆಯಾದರೆ, ಮನೆಯ ಯಜಮಾನ ಕೂಡಲೇ ತಿಳಿಸಬೇಕು. ಸಾವು ದಾಖಲಾಗುವವರೆಗೆ ಅಂತ್ಯಕ್ರಿಯೆ ಮಾಡುವಂತಿಲ್ಲ. ತಪ್ಪಿದರೆ ಶಿಕ್ಷೆ. ಇದರಿಂದ ಆದದ್ದೇನು? ಜನ ರೋಗಿಗಳನ್ನು ಬಚ್ಚಿಡತೊಡಗಿದರು. ಗೋಡೆಗೆ ಗೋಡೆ ಹೊಂದಿಕೊಂಡ ವಾಡೆಗಳಲ್ಲಿ ಒಬ್ಬರ ಮನೆಯ ನರಳಾಟ ಇನ್ನೊಬ್ಬರಿಗೆ ಕೇಳಿಸದೆ ಇರುತ್ತದೆಯೆ? ನಿನ್ನೆಯವರೆಗೆ ನೆರೆಮನೆಯ ಕಾಯಿಲೆ ಎಂದರೆ ಗಂಜಿ ಮಾಡಿ ಒಯ್ದು ಕೊಡುವ ಸಂಗತಿ. ಈಗ ಅದು ಒಂದು ಗುಟ್ಟಾಯಿತು. ಗುಟ್ಟಿಗೆ ಬೆಲೆ ಬಂದ ದಿನ ನೆರೆಹೊರೆಯವರು ಒಬ್ಬರನ್ನೊಬ್ಬರು ಬೇರೆ ಕಣ್ಣಿನಿಂದ ನೋಡಲು ಆರಂಭಿಸುತ್ತಾರೆ.

ಅದೇ ದಿನಗಳಲ್ಲಿ ಇದೇ ಊರಿನಲ್ಲಿ ಇನ್ನೊಂದು ಸಂಗತಿ ನಡೆಯಿತು. ಸ್ವಾರಗೇಟದಿಂದ ಪೂರ್ವಕ್ಕೆ ಸೊಲ್ಲಾಪುರ ರಸ್ತೆಯಲ್ಲಿ ಹೋದರೆ ಹಡಪಸರ ಸಿಗುತ್ತದೆ. ಅಲ್ಲಿ ಊರ ಹೊರಗಿನ ಬಯಲಿನಲ್ಲಿ ಸಾವಿತ್ರಿಬಾಯಿ ಫುಲೆ ಮತ್ತು ಅವರ ದತ್ತುಮಗ ಡಾಕ್ಟರ್ ಯಶವಂತರಾವ್ ಪ್ಲೇಗಿನ ರೋಗಿಗಳಿಗಾಗಿ ಚಿಕಿತ್ಸಾಲಯ ನಡೆಸುತ್ತಿದ್ದರು. ಮುಂಢವೆಯ ಒಂದು ದಲಿತ ಮನೆಯ ಹುಡುಗನಿಗೆ ಪ್ಲೇಗು ಬಡಿದಿದೆ ಎಂಬ ಸುದ್ದಿ ಸಾವಿತ್ರಿಬಾಯಿಗೆ ಮುಟ್ಟಿತು. ಅವರಿಗೆ ಆಗ 66 ವರ್ಷ. ಅವರು ಆ ಹುಡುಗನನ್ನು ತಾವೇ ಬೆನ್ನ ಮೇಲೆ ಹೊತ್ತು ಚಿಕಿತ್ಸಾಲಯಕ್ಕೆ ತಂದರು. ಹುಡುಗ ಬದುಕಿದ. ಸಾವಿತ್ರಿಬಾಯಿಗೆ ರೋಗ ತಗುಲಿ ಮಾರ್ಚ್ 10ರಂದು ತೀರಿಕೊಂಡರು. ಸಿಪಾಯಿಗಳ ಶೋಧ ಆರಂಭವಾಗುವುದಕ್ಕೆ ಇನ್ನು ಮೂರೇ ದಿನ ಇತ್ತು. ನೆರೆಯವನ ಗುಟ್ಟು ತಿಳಿದಾಗ ಹೇಳುವುದು, ಬಚ್ಚಿಡುವುದು ಎಂಬ ಎರಡೇ ದಾರಿಗಳಿಲ್ಲ, ಹೊರುವುದು ಎಂಬ ಮೂರನೆಯದೂ ಇದೆ ಎಂಬುದನ್ನು ಇಲ್ಲಿಯೇ ಗಮನಿಸಿರಿ.

ಮುಂದಿನ ಕತೆ ಶಾಲೆಯ ಪುಸ್ತಕದಲ್ಲಿ ನೀವು ಓದಿದ್ದೀರಿ. 1897ರ ಜೂನ್ 22, ವಿಕ್ಟೋರಿಯಾ ರಾಣಿಯ ವಜ್ರಮಹೋತ್ಸವದ ರಾತ್ರಿ. ಗಣೇಶಖಿಂಡಿಯ ಸರಕಾರೀ ಬಂಗಲೆಯ ಸಮಾರಂಭ ಮುಗಿಸಿ ಹೊರಟ ರ‍್ಯಾಂಡ್ ಮತ್ತು ಲೆಫ್ಟಿನೆಂಟ್ ಏಯರ್ಸ್ಟ್ ಇಬ್ಬರ ಮೇಲೂ ಗುಂಡು ಹಾರಿತು. ಏಯರ್ಸ್ಟ್ ಸ್ಥಳದಲ್ಲೇ ಸತ್ತ. ರ‍್ಯಾಂಡ್ ಜುಲೈ 3ರಂದು ತೀರಿಕೊಂಡ. ಆ ಬಂಗಲೆಯೇ ಇಂದು ಸಾವಿತ್ರಿಬಾಯಿ ಫುಲೆ ಪುಣೆ ವಿಶ್ವವಿದ್ಯಾಲಯದ ಮುಖ್ಯ ಕಟ್ಟಡ. ನಿಮ್ಮಲ್ಲಿ ಕೆಲವರು ಅದರ ಮುಂದೆ ನಿಂತು ಪದವಿಯ ಫೋಟೊ ತೆಗೆಸಿಕೊಂಡಿರಬಹುದು.

ಕೊಂದವರು ಚಿಂಚವಡದ ದಾಮೋದರ ಮತ್ತು ಬಾಲಕೃಷ್ಣ ಚಾಫೇಕರ ಸಹೋದರರು. ಆದರೆ ಅದು ಸರಕಾರಕ್ಕೆ ತಿಳಿಯಲಿಲ್ಲ. ಊರಿನ ಮೇಲೆ ಹೆಚ್ಚುವರಿ ಪೋಲೀಸರನ್ನು ಹೇರಿ ಅದರ ಖರ್ಚನ್ನು ಊರಿನ ತಲೆಗೇ ಕಟ್ಟಿದರು. ನಾತೂ ಸಹೋದರರನ್ನು ವಿಚಾರಣೆಯಿಲ್ಲದೆ ಬಂಧನದಲ್ಲಿಟ್ಟರು. 'ಕೇಸರಿ'ಯ ಬರಹಗಳಿಗಾಗಿ ಟಿಳಕರಿಗೆ ರಾಜದ್ರೋಹದ ಆರೋಪದಲ್ಲಿ 18 ತಿಂಗಳ ಸಜೆಯಾಯಿತು. ಇಷ್ಟಾದರೂ ಕೊಂದವರು ಯಾರೆಂದು ಊರು ಹೇಳಲಿಲ್ಲ. ಕೊನೆಗೆ ಸರಕಾರ 20,000 ರೂಪಾಯಿ ಬಹುಮಾನ ಸಾರಿತು. ಆ ಕಾಲದ 20,000! ತಿಂಗಳಿಗೆ ಹತ್ತಿಪ್ಪತ್ತು ರೂಪಾಯಿ ಸಂಬಳದಲ್ಲಿ ಸಂಸಾರ ನಡೆಸುತ್ತಿದ್ದ ಗುಮಾಸ್ತರ ಊರಿನಲ್ಲಿ ಅದು ಕನಸಿನಲ್ಲೂ ಕಾಣದ ಮೊತ್ತ.

ಬಾಯಿ ಬಿಟ್ಟವರು ಗಣೇಶ ಶಂಕರ ದ್ರವಿಡ ಮತ್ತು ಅವನ ತಮ್ಮ ರಾಮಚಂದ್ರ. ಅವರು ಹೊರಗಿನವರಲ್ಲ. ಚಾಫೇಕರರ ಒಡನಾಟದಲ್ಲಿದ್ದವರು, ಅವರ ಕೂಟವನ್ನು ಬಲ್ಲವರು, ಅದೇ ಊರಿನ ಅದೇ ಬಗೆಯ ಮನೆತನದವರು. ಪೋಲೀಸ್ ಅಧಿಕಾರಿ ಬ್ರೂಯಿನ್ ಎಂಬವನಿಗೆ ಅವರು ಕೊಟ್ಟ ಬಾತ್ಮಿಯ ಮೇಲೆ ದಾಮೋದರ ಸಿಕ್ಕಿಬಿದ್ದ. 1898ರ ಏಪ್ರಿಲ್ 18ರಂದು ಯೆರವಡಾ ಜೈಲಿನಲ್ಲಿ ಅವನಿಗೆ ಗಲ್ಲಾಯಿತು. ನಿಜಾಮರ ಸೀಮೆಗೆ ತಪ್ಪಿಸಿಕೊಂಡಿದ್ದ ಬಾಲಕೃಷ್ಣನೂ ಮುಂದೆ ಸಿಕ್ಕಿಬಿದ್ದ.

ಇಲ್ಲಿಗೆ ನಮ್ಮ ನಡಿಗೆ ಸದಾಶಿವ ಪೇಠವನ್ನು ತಲುಪುತ್ತದೆ. 1899ರ ಫೆಬ್ರವರಿ 8ರ ರಾತ್ರಿ, ಇನ್ನೂ ಇಪ್ಪತ್ತರ ಆಸುಪಾಸಿನಲ್ಲಿದ್ದ ಮೂರನೆಯ ತಮ್ಮ ವಾಸುದೇವ ಚಾಫೇಕರನೂ ಅವನ ಗೆಳೆಯ ಮಹಾದೇವ ರಾನಡೆಯೂ ವೇಷ ಮರೆಸಿಕೊಂಡು ದ್ರವಿಡರ ಮನೆಗೆ ಹೋದರು. ಪೋಲೀಸ್ ಸಾಹೇಬರು ಕರೆಯುತ್ತಿದ್ದಾರೆ ಎಂದು ಸುಳ್ಳು ಹೇಳಿ ಅಣ್ಣತಮ್ಮಂದಿರನ್ನು ಹೊರಗೆ ಕರೆದರು. ಮನೆಯಿಂದ ಸ್ವಲ್ಪ ದೂರದಲ್ಲಿ ಗುಂಡು ಹಾರಿಸಿದರು. ದ್ರವಿಡ ಸಹೋದರರಿಬ್ಬರೂ ಉಳಿಯಲಿಲ್ಲ. ಮೂರು ತಿಂಗಳ ನಂತರ, 1899ರ ಮೇ ತಿಂಗಳಲ್ಲಿ, ವಾಸುದೇವ, ರಾನಡೆ, ಬಾಲಕೃಷ್ಣ ಮೂವರನ್ನೂ ಕೆಲವೇ ದಿನಗಳ ಅಂತರದಲ್ಲಿ ಗಲ್ಲಿಗೇರಿಸಿದರು.

ಈ ಪೇಠೆಯಲ್ಲಿ ಒಂದು ಹಳೆಯ ಕೃಷ್ಣನ ಗುಡಿಯಿದೆ. ಊರವರು ಅದನ್ನು 'ಖುನ್ಯಾ ಮುರಳೀಧರ' ಎನ್ನುತ್ತಾರೆ. ಕೊಳಲೂದುವ ದೇವರಿಗೆ ಕೊಲೆಯ ಹೆಸರು! ಪುಣೆಯಲ್ಲಿ ದೇವರಿಗೆ ಇಂಥ ಅಡ್ಡಹೆಸರುಗಳು ಹೊಸತಲ್ಲ. ಈ ಹೆಸರಿಗೆ ಎರಡು ಕತೆಗಳಿವೆ. ಗುಡಿ ಕಟ್ಟಿದ ಪೇಶ್ವೆಯರ ಕಾಲದಲ್ಲಿ ಮೂರ್ತಿಯ ಸಲುವಾಗಿ ಜಗಳವಾಗಿ ರಕ್ತ ಹರಿಯಿತು ಎಂಬುದು ಒಂದು. ದ್ರವಿಡ ಸಹೋದರರ ಕೊಲೆ ಇದರ ಹತ್ತಿರವೇ ಆದ್ದರಿಂದ ಆ ಹೆಸರು ನಿಂತಿತು ಎಂಬುದು ಇನ್ನೊಂದು. ಯಾವುದೇ ಇರಲಿ, ಜನ ಎರಡನೆಯದನ್ನೂ ಮರೆಯದೆ ಹೇಳುತ್ತಾರೆ. ಸ್ವಾರಗೇಟದಿಂದ ಇಲ್ಲಿಗೆ ಅರ್ಧ ತಾಸಿನೊಳಗಿನ ನಡಿಗೆ.

ಚಾಫೇಕರರಿಗೆ ಚಿಂಚವಡದಲ್ಲಿ ಸ್ಮಾರಕವಿದೆ, ಚೌಕವಿದೆ. 2018ರಲ್ಲಿ ದಾಮೋದರನ ಅಂಚೆಚೀಟಿ ಹೊರಬಂತು. 1979ರಲ್ಲಿ ಕೊಲೆಯ ದಿನಾಂಕವನ್ನೇ ಹೆಸರಾಗಿಟ್ಟುಕೊಂಡ ಮರಾಠಿ ಚಿತ್ರವೊಂದು ಬಂತು, ಸಿಕ್ಕರೆ ನೋಡಿರಿ. ದ್ರವಿಡರಿಗೆ ಯಾರು ಸ್ಮಾರಕ ಕಟ್ಟಿಯಾರು? ಆದರೆ ಆ ಓಣಿಯಲ್ಲಿ ನಿಂತಾಗ ಮನಸ್ಸಿಗೆ ಬರುವ ಲೆಕ್ಕ ಬೇರೆ. ಒಂದು ಮನೆಯ ಮೂವರು ಅಣ್ಣತಮ್ಮಂದಿರು, ಇನ್ನೊಂದು ಮನೆಯ ಇಬ್ಬರು ಅಣ್ಣತಮ್ಮಂದಿರು, ಒಬ್ಬ ಗೆಳೆಯ. ಎರಡು ವರ್ಷದೊಳಗೆ ಒಂದೇ ಊರಿನ ಆರು ತರುಣರು ಹೋದರು. ಆಳುವವರು 20,000 ರೂಪಾಯಿಯನ್ನು ಊರ ನಡುವೆ ಇಟ್ಟು ದೂರ ನಿಂತರು. ಮಿಕ್ಕ ಕೆಲಸ ಊರಿನವರೇ ಮಾಡಿ ಮುಗಿಸಿದರು.

ಇದು ಪುಣೆಯವರ ಕತೆ, ನಮಗೇನು ಎನ್ನಬೇಡಿರಿ. ಸ್ವಾರಗೇಟದಿಂದ ಬೆಳಗಾವಿಯ ಬಸ್ಸು ಹಿಡಿದರೆ ಅಲ್ಲಿಂದ ಮುಂದೆ ಖಾನಾಪುರ ತಾಲೂಕಿನ ನಂದಗಡ. ಕಿತ್ತೂರಿನ ಸಂಗೊಳ್ಳಿ ರಾಯಣ್ಣನನ್ನು 1831ರ ಜನವರಿ 26ರಂದು ಗಲ್ಲಿಗೇರಿಸಿದ ಊರು ಅದು. ಕಾಡು ಬಲ್ಲ, ಜನರ ಬೆಂಬಲವಿದ್ದ ರಾಯಣ್ಣ ಕಂಪನಿಯ ಸೈನ್ಯಕ್ಕೆ ಬರಿಯ ಬಂದೂಕಿನ ಬಲದಿಂದ ಸಿಗಲಿಲ್ಲ. ಅವನ ಕಡೆಯವರಂತೆ ನಟಿಸಿ ಸೇರಿಕೊಂಡ ನಮ್ಮವರೇ 1830ರಲ್ಲಿ ಅವನನ್ನು ಹಿಡಿದುಕೊಟ್ಟರು. ನಮ್ಮ ಲಾವಣಿಗಳು ರಾಯಣ್ಣನನ್ನು ಹಾಡುವಾಗ ಹಿಡಿದುಕೊಟ್ಟವರನ್ನೂ ಬಿಡದೆ ಹಾಡುತ್ತವೆ. ಚಾಡಿಕೋರ, ಮನೆಮುರುಕ, ಫಿತೂರಿ, ಹಿತಶತ್ರು ಎಂದು ಇಂಥವರಿಗೆ ಕನ್ನಡದಲ್ಲಿ ಎಷ್ಟು ಹೆಸರುಗಳಿವೆ ನೋಡಿರಿ. ಇಷ್ಟು ಹೆಸರು ಬೇಕಾದದ್ದು ಅಂಥವರು ನಮ್ಮಲ್ಲಿ ಇದ್ದುದರಿಂದಲೇ ಅಲ್ಲವೆ?

ಹೊರದೇಶದ ಮಾತೂ ಬೇರೆಯಲ್ಲ. ಆನ್ ಫ್ರಾಂಕಳ ದಿನಚರಿಯನ್ನು ನಿಮ್ಮಲ್ಲಿ ಹಲವರು ಓದಿದ್ದೀರಿ. ಜರ್ಮನರು ವಶಪಡಿಸಿಕೊಂಡಿದ್ದ ಆಮ್‌ಸ್ಟರ್‌ಡಾಮ್‌ನಲ್ಲಿ ಎರಡು ವರ್ಷ ಅಡಗಿ ಬದುಕಿದ್ದ ಆ ಕುಟುಂಬವನ್ನು 1944ರ ಆಗಸ್ಟ್ 4ರಂದು ಹಿಡಿದೊಯ್ದರು. ಯಾರಾದರೂ ಹೇಳಿಕೊಟ್ಟರೆ, ಯಾರು ಎಂಬುದು ಇಂದಿಗೂ ಸಿದ್ಧವಾಗಿಲ್ಲ. ಆ ದೇಶದಲ್ಲಿ ಅಡಗಿದ್ದ ಯೆಹೂದಿಯನ್ನು ಹಿಡಿದುಕೊಟ್ಟವರಿಗೆ ತಲೆಗಿಷ್ಟು ಎಂದು ಹಣ ಸಿಗುತ್ತಿತ್ತು. 1943ರಲ್ಲಿ ಆ ದರ ಏಳೂವರೆ ಗಿಲ್ಡರಿನಿಂದ ಆರಂಭವಾಯಿತು. ಅದೇ ಊರಿನಲ್ಲಿ ಮೀಪ್ ಗೀಸ್ ಎಂಬ ಕಚೇರಿ ಗುಮಾಸ್ತೆ ಎರಡು ವರ್ಷ ಆ ಕುಟುಂಬಕ್ಕೆ ತರಕಾರಿ, ದಿನಸಿ ಹೊತ್ತು ತಂದಳು. ಇಲ್ಲಿಯೂ ಹೊತ್ತವಳು ಒಬ್ಬಳು ಇದ್ದಳು.

ಇದೆಲ್ಲ ಹಳೆಯದು ಎಂದುಕೊಳ್ಳುವ ಹೊತ್ತಿಗೆ 2020 ಬಂತು. ಮಾರ್ಚ್ ತಿಂಗಳಲ್ಲಿ ಮಹಾರಾಷ್ಟ್ರದ ಮೊದಲ ಕೊರೊನಾ ರೋಗಿಗಳು ಪತ್ತೆಯಾದದ್ದು ನಮ್ಮ ಪುಣೆಯಲ್ಲಿಯೇ. ಆಗ ಸರಕಾರಗಳು ಕೈಗೆತ್ತಿಕೊಂಡ ಕಾಯಿದೆ ಅದೇ 1897ರದು. ಕೈಮೇಲೆ ಮುದ್ರೆ ಒತ್ತಿದರು, ಬಾಗಿಲಿಗೆ ಚೀಟಿ ಹಚ್ಚಿದರು. ಸ್ವಾರಗೇಟದಲ್ಲಿ ಬಸ್ಸುಗಳು ನಿಂತವು. ಆಗ ನಾವೆಲ್ಲ ಮನೆಯಲ್ಲೇ ಇದ್ದೆವು. ಗೆರೆ ಯಾವ ಕಡೆಯಿಂದ ಎಳೆಯಲ್ಪಟ್ಟಿತೆಂದು ನಿಮಗೇ ಗೊತ್ತು. "ಮೂರನೆಯ ಮಾಳಿಗೆಯವರು ಕೆಮ್ಮುತ್ತಿದ್ದಾರೆ", "ಆ ನರ್ಸಬಾಯಿಯನ್ನು ಲಿಫ್ಟಿಗೆ ಬಿಡಬೇಡಿ", "ಎದುರು ಮನೆಗೆ ಮುಂಬಯಿಯಿಂದ ಯಾರೋ ಬಂದಿದ್ದಾರೆ, ಫೋನು ಮಾಡಿರಿ" ಎಂಬ ಮಾತುಗಳು ಎಷ್ಟು ಸೊಸೈಟಿಗಳಲ್ಲಿ ಕೇಳಿಬರಲಿಲ್ಲ! ಬಾಗಿಲಿಗೆ ಹಚ್ಚಿದ ಚೀಟಿ ಮನೆಯವರನ್ನು ಅಸ್ಪೃಶ್ಯರಂತೆ ಮಾಡುತ್ತದೆ ಎಂಬ ದೂರು ಸರ್ವೋಚ್ಚ ನ್ಯಾಯಾಲಯದವರೆಗೆ ಹೋಗಿ, ಅಧಿಕಾರಿಗಳ ನಿರ್ದಿಷ್ಟ ಆದೇಶವಿಲ್ಲದೆ ಹಾಗೆ ಚೀಟಿ ಹಚ್ಚಕೂಡದೆಂದು 2020ರ ಡಿಸೆಂಬರ್‌ನಲ್ಲಿ ಅದು ಹೇಳಬೇಕಾಯಿತು.

ನಮ್ಮವರ ಪಾಡು ಇನ್ನೂ ವಿಚಿತ್ರ. ಆ ವರ್ಷದ ಮೇ ತಿಂಗಳಲ್ಲಿ ಕರ್ನಾಟಕ ಸರಕಾರ ಮಹಾರಾಷ್ಟ್ರದಿಂದ ಬರುವವರಿಗೆ ಕೆಲದಿನ ಗಡಿ ಮುಚ್ಚಿತು. ಕೆಲಸ ಹೋಗಿ ಹೇಗೋ ಊರು ಮುಟ್ಟಿದ ಕುಟುಂಬಗಳನ್ನು ಕಂಡು "ಪುಣೇದವ್ರು ಬಂದಾರ್ರಿ" ಎಂದು ಠಾಣೆಗೋ ಪಂಚಾಯತಿಗೋ ಸುದ್ದಿ ಮುಟ್ಟಿಸಿದವರು ಪರಕೀಯರಲ್ಲ, ಜಾತ್ರೆಯಲ್ಲಿ ಪಕ್ಕದಲ್ಲೇ ಕುಳಿತು ಉಂಡವರು. ಹಾಗೆ ಹೇಳಿದವರೆಲ್ಲ ದುಷ್ಟರೆ? ಅಲ್ಲ. ಮನೆಯಲ್ಲಿ ಮುದುಕರು, ಹಸುಗೂಸುಗಳಿದ್ದವು, ಹೆದರಿಕೆಯಿತ್ತು. ಅದೇ ಊರುಗಳಲ್ಲಿ ಶಾಲೆಯ ಕೋಣೆಯಲ್ಲಿ ಬೇರೆ ಇದ್ದವರಿಗೆ ಹದಿನಾಲ್ಕು ದಿನ ರೊಟ್ಟಿ, ಪಲ್ಯ ಕಟ್ಟಿ ಬಾಗಿಲಲ್ಲಿಟ್ಟು ಬಂದವರೂ ಇದ್ದರು. ಅವರೂ ರೋಗವನ್ನು ಬಚ್ಚಿಡಲಿಲ್ಲ. ಆಗ ರೋಗಿಯ ಸುದ್ದಿ ವೈದ್ಯರಿಗೆ ಮುಟ್ಟಬೇಕಾದದ್ದು ನಿಜ. ಹೇಳಿದ ಮೇಲೆ ನಾವು ಬಾಗಿಲು ಹಾಕಿಕೊಂಡೆವೋ, ಬುತ್ತಿ ಕಟ್ಟಿದೆವೋ ಎಂಬುದರಲ್ಲಿ ಎಲ್ಲ ಅಂತರವೂ ಇದೆ.

ಇನ್ನೊಂದು ಮಾತು, ಮನೆಯ ಮಾತೆಂದೇ ತಿಳಿಯಿರಿ. 2022ರ ಡಿಸೆಂಬರ್‌ನಲ್ಲಿ ಗಡಿಯ ವಾದ ಕಾವೇರಿದಾಗ ಬೆಳಗಾವಿಯ ಹತ್ತಿರ ಹಿರೇಬಾಗೇವಾಡಿ ಟೋಲಿನಲ್ಲಿ ಮಹಾರಾಷ್ಟ್ರದ ಗಾಡಿಗಳಿಗೆ ಕಲ್ಲು ಬಿದ್ದವು. ಸ್ವಾರಗೇಟದಲ್ಲಿ ಕರ್ನಾಟಕದ ಬಸ್ಸುಗಳಿಗೆ ಕಪ್ಪು ಬಣ್ಣ ಬಳಿದರು. ನೀವು ದೂರದಿಂದ ಗುರುತು ಹಿಡಿಯುತ್ತಿದ್ದ ಆ ದುಂಡು ಅಕ್ಷರಗಳನ್ನೇ ಬೇರೆಯವರೂ ದೂರದಿಂದ ಗುರುತು ಹಿಡಿದರು. ಎರಡೂ ಕಡೆ ಬಸ್ಸಿನೊಳಗೆ ಇದ್ದವರು ಮದುವೆಗೆ, ಆಸ್ಪತ್ರೆಗೆ, ಪರೀಕ್ಷೆಗೆ ಹೊರಟವರು. ಇಲ್ಲಿ ನಾವು ಅಲ್ಪಸಂಖ್ಯರು. ಮನೆಯಲ್ಲಿ ಒಂದು ಭಾಷೆ, ಓಣಿಯಲ್ಲಿ ಒಂದು ಭಾಷೆ ಆಡುವವರು. ನಮ್ಮ ಬಾಗಿಲು ಯಾವುದೆಂದು ನೆರೆಯವರಿಗೆ ಗೊತ್ತು, ಅವರ ಬಾಗಿಲು ನಮಗೆ ಗೊತ್ತು. ಗಣಪತಿ ಹಬ್ಬದಲ್ಲಿ ಒಂದೇ ಮಂಡಪದಲ್ಲಿ ಆರತಿ ಮಾಡುವ ಈ ನೆರೆಹೊರೆಯೇ ಅಂಥ ದಿನ ನಮ್ಮ ರಕ್ಷಣೆ. ಅವರಿಗೆ ಅಂಥ ದಿನ ಬಂದರೆ ನಾವು ಅವರ ರಕ್ಷಣೆ. ಪುಣೆಯಲ್ಲಿ ದಶಕಗಳಿಂದ ಕನ್ನಡಿಗರು ನೆಮ್ಮದಿಯಿಂದ ಇರುವುದು ಈ ಕೊಡುಕೊಳ್ಳುವಿಕೆಯಿಂದಲೇ.

ಮುಂದಿನ ಸಲ ಊರಿನ ಬಸ್ಸಿಗೆ ಬೇಗನೆ ಬಂದಾಗ, ಸಾಮಾನು ಕಾಯಲು ಒಬ್ಬರನ್ನು ಕೂರಿಸಿ, ಟಿಳಕ ರಸ್ತೆ ಹಿಡಿದು ಮುರಳೀಧರನ ಗುಡಿಯವರೆಗೆ ನಡೆದು ಬನ್ನಿರಿ. ಹಡಪಸರದ ಕಡೆ ಹೋಗುವವರು ಸಾವಿತ್ರಿಬಾಯಿಯನ್ನು ನೆನೆಯಿರಿ. 1897ರ ಪುಣೆಯಲ್ಲಿ ಹೇಳಿದವರು, ಸುಮ್ಮನಿದ್ದವರು, ಕೊಂದವರು, ಹೊತ್ತವರು ಎಲ್ಲರೂ ನಿಮ್ಮಂತೆಯೇ ಯಾರದೋ ನೆರೆಯವರಾಗಿದ್ದರು. ಅವರಲ್ಲಿ ಮನೆಯ ಮಕ್ಕಳಿಗೆ ಯಾರ ಕತೆಯನ್ನು ಹೇಳಬೇಕು ಎಂಬುದನ್ನು ನೀವೇ ಆರಿಸಿಕೊಳ್ಳಿರಿ. ನನ್ನನ್ನು ಕೇಳಿದರೆ, ಹುಡುಗನನ್ನು ಬೆನ್ನ ಮೇಲೆ ಹೊತ್ತ ಆ ತಾಯಿಯ ಕತೆಯಿಂದ ಆರಂಭಿಸುತ್ತೇನೆ.